ಊರಿಗೆ ಕೊಟ್ಟ ನೀರು

ನನ್ನ ವೈನಿ ಗುರುಲಿಂಗಮ್ಮನ ಹೆಸರು ಹೇಳಿದರೆ ಸೊಲ್ಲಾಪುರದ ಟಾಂಗಾದವರು ಬಾಡಿಗೆಗೆ ಚೌಕಾಸಿ ಮಾಡುವುದನ್ನು ಬಿಟ್ಟು ಕೈಮುಗಿಯುತ್ತಾರೆ. ನನಗೆ ಮಾತ್ರ ಆ ಹೆಸರು ಕೇಳಿದರೆ ಗಂಟಲು ಒಣಗುತ್ತದೆ. ಹೊಟ್ಟೆಕಿಚ್ಚಿಗೆ ಹೇಳುವ ಮಾತಲ್ಲ ಇದು. ಅವಳ ದಾನಧರ್ಮದ ದೆಸೆಯಿಂದ ನಾನು ಕುಡಿಯದೆ ಬಿಟ್ಟ ನೀರನ್ನು ಕೂಡಿಟ್ಟಿದ್ದರೆ ಒಂದು ಕೆರೆ ಆಗುತ್ತಿತ್ತು.

ವೈನಿ ಅಂದರೆ ನನ್ನ ಅಣ್ಣನ ಹೆಂಡತಿ. ಅಣ್ಣ ತೀರಿಕೊಂಡ ಮೇಲೆ ತಡವಳದ ಹೊಲಮನೆ, ಸೊಲ್ಲಾಪುರದ ಹತ್ತಿಯ ಅಡತಿ ಅಂಗಡಿ, ಊರ ತುಂಬ ಹರಡಿದ್ದ ವ್ಯವಹಾರ ಎಲ್ಲವೂ ಅವಳ ಕೈಗೆ ಬಂತು. ಮಗ ಕಲ್ಯಾಣಪ್ಪ ಅಂಗಡಿಯ ಗಾದಿಯ ಮೇಲೆ ಕೂಡುತ್ತಿದ್ದ ನಿಜ, ಆದರೆ ಕೆಮ್ಮು ಬಂದರೂ ಅವ್ವನ ಮುಖ ನೋಡಿಯೇ ಕೆಮ್ಮುತ್ತಿದ್ದ. ನಾನು ಸುಗಲಾಬಾಯಿ, ಆ ಮನೆಯ ಮಗಳು. ನನ್ನನ್ನು ಮೈಂದರ್ಗಿಗೆ ಕೊಟ್ಟಿದ್ದರು. ಪ್ಲೇಗಿನ ವರ್ಷ ಗಂಡ ಹೋದ, ಮಕ್ಕಳಿರಲಿಲ್ಲ, ಅಣ್ಣ ಬಂದು ಕರೆದುಕೊಂಡು ಹೋದ. ಅಂದಿನಿಂದ ವೈನಿ ಎಲ್ಲಿಗೆ ಹೊರಟರೂ ಬಗಲಿಗೆ ನಾನು.

ಹೊರಡುವುದೇನು ಕಡಿಮೆಯೇ? ಅಣ್ಣ ಇದ್ದಾಗಲೇ ಅಕ್ಕಲಕೋಟದಲ್ಲಿ ಸ್ವಾಮಿಗಳ ಸಮಾಧಿಯ ದರ್ಶನಕ್ಕೆ ಬರುವ ಯಾತ್ರಿಕರಿಗೆಂದು ಧರ್ಮಶಾಲೆ ಕಟ್ಟಿಸಿದಳು, ಅದರ ಎದುರಿಗೆ ಅರವಟ್ಟಿಗೆ ಇಡಿಸಿದಳು. ಸೊಲ್ಲಾಪುರದಲ್ಲಿ ಮುನ್ಸಿಪಾಲ್ಟಿಗೆ ಒಂದು ತೋಟ ಬರೆದುಕೊಟ್ಟಳು, ಗಿರಣಿಯ ಕೂಲಿಗಳು ಸಂಜೆ ಕೂತು ಪೇಪರು ಓದಲೆಂದು ವಾಚನಾಲಯ ತೆರೆದಳು. ಒಂದರ ಸುಣ್ಣ ಒಣಗುವ ಮೊದಲೇ ಇನ್ನೊಂದರ ಪಾಯ ಅಗೆಯುತ್ತಿದ್ದರು. ಕೊಡುವುದಕ್ಕೆ ನನ್ನ ತಕರಾರಿಲ್ಲ. ಇದ್ದವರು ಕೊಡಬೇಕು. ನನ್ನ ತಕರಾರೆಲ್ಲ ಅವಳ ಕಟ್ಟಳೆಯ ಬಗ್ಗೆ. ಒಮ್ಮೆ ಊರಿಗೆ ಕೊಟ್ಟ ಮೇಲೆ ಅದನ್ನು ನಮ್ಮ ಮನೆಯವರು ಯಾರೂ ಬಳಸಬಾರದು. ಮುಟ್ಟಲೂಬಾರದು.

ಕಲ್ಯಾಣಪ್ಪನ ಮಕ್ಕಳು ಅಜ್ಜಿ ಕೊಟ್ಟ ತೋಟದ ಗೇಟಿನ ಹೊರಗೆ ಸರಳು ಹಿಡಿದು ನಿಂತು, ಊರ ಮಕ್ಕಳು ಜೋಕಾಲಿ ಆಡುವುದನ್ನು ನೋಡುತ್ತಿದ್ದವು. ಕಲ್ಯಾಣಪ್ಪ ಪೇಪರು ಓದಬೇಕೆಂದರೆ ಬೇರೆ ಯಾರದೋ ಅಂಗಡಿಯ ಕಟ್ಟೆಗೆ ಹೋಗುತ್ತಿದ್ದ. ಊರಿನವರಿಗೆ ಇದು ಬಹಳ ದೊಡ್ಡ ಗುಣವಾಗಿ ಕಾಣುತ್ತಿತ್ತು. ಅವರಿಗೇನು, ಜೋಕಾಲಿ ಅವರದು.

ಈ ಕಟ್ಟಳೆ ಎಲ್ಲಿಂದ ಬಂತು ಅಂತ ಕೇಳಿದರೆ ನನಗೆ ಇನ್ನೂ ಸಿಟ್ಟು ಬರುತ್ತದೆ. ನನ್ನ ಅವ್ವ ತಡವಳದಲ್ಲಿ ಊರಿಗೆಂದು ಒಂದು ಬಾವಿ ತೋಡಿಸಿದ್ದಳು. ಪೂಜೆ ಆಯಿತು, ಊರೂಟ ಆಯಿತು, ಅವ್ವ ಮಾತ್ರ ಆ ನೀರನ್ನು ಬಾಯಿಗೆ ಹಾಕಲಿಲ್ಲ. ಆಗಷ್ಟೇ ಮನೆ ತುಂಬಿದ್ದ ವೈನಿ ಯಾಕೆಂದು ಕೇಳಿದಳಂತೆ. “ಊರಿಗಿ ಕೊಟ್ಟದ್ದು ನಾವು ಕುಡೀಬಾರದವ್ವಾ” ಅಂದಳಂತೆ ಅವ್ವ. ವೈನಿ ಅದನ್ನು ಸೆರಗಿನಲ್ಲಿ ಗಂಟು ಕಟ್ಟಿಕೊಂಡಳು. ನಿಜ ಸಂಗತಿ ಏನೆಂದರೆ ಆ ನೀರು ಸವಳು, ಬಾಯಿಗಿಟ್ಟರೆ ಉಪ್ಪುಪ್ಪು. ಊರಿನವರೂ ಅದನ್ನು ಕುಡಿಯಲಿಲ್ಲ, ಬಟ್ಟೆ ಒಗೆದರು. ಎಮ್ಮೆ ಕೂಡ ಮೂಸಿ ಮುಖ ತಿರುಗಿಸುತ್ತಿತ್ತು. ಇಷ್ಟು ಖರ್ಚು ಮಾಡಿ ಸವಳು ಬಾವಿ ತೋಡಿಸಿದೆ ಅಂತ ಹೊಸ ಸೊಸೆಯ ಎದುರು ಹೇಳಲು ಅವ್ವನಿಗೆ ನಾಚಿಕೆ. ಅಷ್ಟೇ ಇದರ ಧರ್ಮಸೂಕ್ಷ್ಮ. ಇದನ್ನು ನಾನು ವೈನಿಗೆ ಹೇಳಿ ಹೇಳಿ ನನ್ನ ಹಲ್ಲು ಸವೆದವು. “ಅತ್ತಿಯವರು ದೊಡ್ಡವರು, ನಿನಗ ತಿಳ್ಯೂದಿಲ್ಲ” ಅನ್ನುವಳು. ಹೆತ್ತ ಮಗಳಿಗೆ ತಿಳಿಯುವುದಿಲ್ಲವಂತೆ, ಸೊಸೆಗೆ ತಿಳಿಯಿತಂತೆ!

ಅಣ್ಣ ತೀರಿಕೊಂಡ ಮೇಲೆ ಕಟ್ಟಳೆ ಇನ್ನೂ ಬಿಗಿಯಾಯಿತು. ಅಣ್ಣ ಒಂದು ಸಲ ಅಕ್ಕಲಕೋಟಕ್ಕೆ ಹೋದವನು ಬಿಸಿಲಿಗೆ ಬಳಲಿ ಧರ್ಮಶಾಲೆಯ ಪಡಸಾಲೆಯಲ್ಲಿ ಮಧ್ಯಾಹ್ನ ಅಡ್ಡಾಗಿದ್ದ. ಅದೇ ವರ್ಷ ತೀರಿಕೊಂಡ. ಸಕ್ಕರೆ ಜಡ್ಡಿನವನು, ವೈದ್ಯರು ಬೇಡವೆಂದರೂ ಹೋಳಿಗೆಯ ಜೊತೆ ಬೆಲ್ಲ ಕಚ್ಚಿಕೊಂಡು ತಿನ್ನುತ್ತಿದ್ದ. ಆದರೆ ವೈನಿಯ ಲೆಕ್ಕದಲ್ಲಿ ಅವನನ್ನು ತೆಗೆದುಕೊಂಡು ಹೋದದ್ದು ಬೆಲ್ಲವಲ್ಲ, ಧರ್ಮಶಾಲೆಯ ಚಾಪೆ.

ಅಕ್ಕಲಕೋಟದ ದಾರಿಯ ಕಥೆ ಹೇಳದಿದ್ದರೆ ನನ್ನ ಪಾಡು ನಿಮಗೆ ತಿಳಿಯುವುದಿಲ್ಲ. ಧರ್ಮಶಾಲೆ ಹೇಗೆ ನಡೆದಿದೆ ಅಂತ ನೋಡಲು ಆಗಾಗ ಹೋಗುತ್ತಿದ್ದೆವು. ಒಂದು ಚೈತ್ರದಲ್ಲಿ ಅಲ್ಲಿಗೆ ಮುಟ್ಟುವ ಹೊತ್ತಿಗೆ ನಮ್ಮ ಮೋಟಾರು ಕುದಿದು ಹೊಗೆ ಬಿಡತೊಡಗಿತು. ನಿಂತದ್ದು ಸರಿಯಾಗಿ ನಮ್ಮ ಅರವಟ್ಟಿಗೆಯ ಮುಂದೆ. ನನ್ನ ನಾಲಿಗೆ ಅಂಗುಳಿಗೆ ಅಂಟಿತ್ತು. ಅರವಟ್ಟಿಗೆಯ ಮಲ್ಲಯ್ಯನಿಗೆ ಕಣ್ಣು ಮಂಜು, ಬಂದವರನ್ನೆಲ್ಲ ಕೇಳಿಯೇ ನೀರು ಹಾಕುವ ರೂಢಿ. ಮಣ್ಣಿನ ಹರವಿಯಿಂದ ತಣ್ಣನೆಯ ನೀರು ಮೊಗೆದು, ನನ್ನ ಕಡೆ ಬಗ್ಗಿ, “ಯಾರ ಮನಿಯವರವ್ವಾ?” ಅಂದ.

ನಾನು ಬಾಯಿ ತೆರೆಯುವ ಮೊದಲೇ ವೈನಿ ಹೇಳಿದಳು. “ನಮ್ಮನಿಯಾಕಿ. ಕುಡ್ಯೂದಿಲ್ಲ ಆಕಿ.”

ಡ್ರೈವರ್ ಸಾಯಬಣ್ಣ ಹೊಟ್ಟೆ ತುಂಬ ಕುಡಿದ. ಅವನು ನಮ್ಮ ಉಪ್ಪು ತಿನ್ನುವವನಾದರೂ ಊರವನು, ಕುಡಿಯಬಹುದು. ಆಮೇಲೆ ಒಂದು ಕೊಡ ತುಂಬಿಕೊಂಡು ಮೋಟಾರಿಗೆ ಹಾಕಲು ಬಂದ.

“ಏಯ್ ಸಾಯಬಣ್ಣ, ಏನ ಮಾಡಾಕತ್ತೀ? ಮೋಟಾರ ನಮ್ಮದದ.”

“ಮೋಟಾರಿಗೂ ಬ್ಯಾಡೇನ್ರಿ ಅವ್ವಾರ?”

“ಬ್ಯಾಡ.”

ಅವನು ಕೊಡ ಹೊತ್ತು ಎಲ್ಲೋ ದೂರದ ಹೊಲದ ಬಾವಿಗೆ ಹೋದ. ನಾನು, ವೈನಿ, ಮೋಟಾರು, ಮೂವರೂ ತಣ್ಣೀರಿನ ಹರವಿಯ ಮುಂದೆ ಬಿಸಿಲಲ್ಲಿ ಕಾದು ಕೂತೆವು. ಅಂದಿನಿಂದ ನಾನು ಎಲ್ಲಿಗೆ ಹೊರಟರೂ ಮನೆಯಿಂದ ಒಂದು ತಂಬಿಗೆ ನೀರು ತೊಡೆಯ ಮೇಲೆ ಇಟ್ಟುಕೊಂಡೇ ಹೊರಟೆ.

ಉಪ್ಪಿನ ಸತ್ಯಾಗ್ರಹದ ಕಾಲಕ್ಕೆ ಸೊಲ್ಲಾಪುರಕ್ಕೆ ಮಾರ್ಷಲ್ ಲಾ ಬಂದು ಹೋದ ಕೆಲವು ವರ್ಷಕ್ಕೆ ವೈನಿ ಬಾಳಂತಿ ದವಾಖಾನೆ ಕಟ್ಟಿಸಿದಳು. ಅವಳು ಮಾಡಿದ್ದರಲ್ಲಿ ಅದೇ ದೊಡ್ಡದು. ಗಿರಣಿಯ ಚಾಳುಗಳಲ್ಲಿ ಹೆಂಗಸರು ಹೆರಲಾಗದೆ ಸಾಯುವ ಸುದ್ದಿ ಕೇಳಿದಾಗಲೆಲ್ಲ ಅವಳು ಊಟ ಬಿಟ್ಟು ಏಳುತ್ತಿದ್ದಳು, ಅದನ್ನು ನಾನು ಕಂಡಿದ್ದೇನೆ. ಪುಣೆಯಲ್ಲಿ ಕಲಿತ ಸಾವಿತ್ರಿಬಾಯಿ ಎಂಬ ಹೆಣ್ಣು ಡಾಕ್ಟರನ್ನು ಹುಡುಕಿ ತಂದಳು, ಕಬ್ಬಿಣದ ಮಂಚ ಹಾಕಿಸಿದಳು, ಬಿಸಿನೀರಿನ ಹಂಡೆ ಹೂಡಿಸಿದಳು. ಉದ್ಘಾಟನೆಯ ದಿನ ಅರ್ಧ ಊರೇ ಬಂದಿತ್ತು. ಎಲ್ಲ ಮುಗಿದು ಇನ್ನೇನು ಏಳಬೇಕು ಅನ್ನುವಾಗ ಯಾರೂ ಕೇಳದೆ ವೈನಿ ಎದ್ದು ನಿಂತಳು. ಕೊರಳ ಲಿಂಗ ಮುಟ್ಟಿಕೊಂಡು, “ಇದು ಊರಿಂದು. ನಮ್ಮ ಮನಿ ಮಂದಿ ಇದರ ಬಾಗಿಲಾ ದಾಟೂದಿಲ್ಲ” ಅಂದುಬಿಟ್ಟಳು. ಜನ ಚಪ್ಪಾಳೆ ತಟ್ಟಿದರು. ನಾನು ಹಣೆ ತಟ್ಟಿಕೊಂಡೆ.

ಯಾಕೆಂದರೆ ನಮ್ಮ ದ್ರೌಪದಿ ಇದ್ದಳಲ್ಲ. ವೈನಿಯ ಒಬ್ಬಳೇ ಮಗಳು. ಹೆತ್ತವಳು ವೈನಿ, ಆದರೆ ಊರುದ್ಧಾರಕ್ಕೆ ಅವಳು ಓಡಾಡುವಾಗ ತಲೆ ಬಾಚಿ, ಉಣಿಸಿ, ತೊಡೆಯ ಮೇಲೆ ಮಲಗಿಸಿಕೊಂಡವಳು ನಾನು. ಕರಜಗಿಗೆ ಕೊಟ್ಟು ಬಹಳ ವರ್ಷ ಆಗಿದ್ದರೂ ಬಸಿರು ನಿಂತಿರಲಿಲ್ಲ. ಕಡೆಗೂ ನಿಂತಿತು. ಚೊಚ್ಚಲ ಹೆರಿಗೆ ತವರಿನಲ್ಲೇ ಆಗಬೇಕು, ಹಾಗಾಗಿ ಬಂದಳು. ಸೊಲ್ಲಾಪುರದ ನಮ್ಮ ಮನೆಯಿಂದ ಕೂಗಿದರೆ ಕೇಳುವಷ್ಟು ದೂರದಲ್ಲಿ ಅವಳ ಅವ್ವ ಕಟ್ಟಿಸಿದ ದವಾಖಾನೆ. ಅವಳನ್ನು ಮಲಗಿಸಿದ್ದು ಮಾತ್ರ ಮನೆಯ ಒಳಕೋಣೆಯಲ್ಲಿ, ಸೂಲಗಿತ್ತಿ ಹಣಮವ್ವನ ಕೈಯಲ್ಲಿ.

ನೋವು ಶುರುವಾದ ಮರುದಿನ ಮಧ್ಯಾಹ್ನ ಹಣಮವ್ವ ಕೈ ಒರೆಸಿಕೊಳ್ಳುತ್ತ ಹೊರಗೆ ಬಂದಳು.

“ನನ್ನ ಕೈಲೆ ಆಗೂದಿಲ್ರಿ ಅವ್ವಾರ. ಕೂಸು ಅಡ್ಡ ಬಿದ್ದದ. ಡಾಕ್ಟರಬಾಯಾರ್ನ ಕರಸ್ರಿ.”

ಡಾಕ್ಟರನ್ನು ಮನೆಗೆ ಕರೆಸುವುದಕ್ಕೆ ವೈನಿಯ ಕಟ್ಟಳೆಯಲ್ಲಿ ಸಂದು ಇತ್ತು. ಬೇರೆ ಹಣ ಕೊಟ್ಟರೆ ಆಯಿತು. ಸಾಯಬಣ್ಣ ಮೋಟಾರಿನಲ್ಲಿ ಕರೆತಂದ. ಸಾವಿತ್ರಿಬಾಯಿ ಒಳಗೆ ಹೋಗಿ ನೋಡಿ, ಬಂದ ವೇಗದಲ್ಲೇ ಹೊರಗೆ ಬಂದರು.

“ಇಲ್ಲಿ ಏನೂ ಮಾಡಾಕ ಬರೂದಿಲ್ಲ. ತಾಬಡತೋಬ ದವಾಖಾನಿಗಿ ತರ್ರಿ. ಅಲ್ಲಿ ಇನ್ನೊಬ್ಬಾಕಿ ಹೆಣ್ಣಮಗಳು ಬ್ಯಾನಿ ತಿನ್ನಾಕತ್ತ್ಯಾಳ, ಆಕಿನ್ನ ಬಿಟ್ಟು ನಾ ಇಲ್ಲಿ ಕೂಡಾಕ ಆಗೂದಿಲ್ಲ. ತಡಾ ಮಾಡಿದ್ರ ಇಬ್ಬರೂ ಉಳ್ಯೂದಿಲ್ಲ, ತಾಯಿನೂ ಇಲ್ಲ, ಕೂಸೂ ಇಲ್ಲ.”

ಅವರು ಹೋದರು. ವೈನಿ ಕಂಬ ಹಿಡಿದು ನಿಂತಿದ್ದಳು.

“ಬ್ಯಾಡ” ಅಂದಳು. “ಮೀರಜಿಗಿ ಒಯ್ಯೂಣು. ಅಲ್ಲಿ ದೊಡ್ಡ ದವಾಖಾನಿ ಅದ.”

“ಮೀರಜ? ರೈಲಿನಾಗ? ಆಕಿ ಸ್ಟೇಶನ್ನಿಗಿ ಮುಟ್ಟೂದಿಲ್ರಿ ವೈನಿ!”

“ಆ ಜಾಗಾದಾಗ ನನ್ನ ಮಗಳನ್ನ ಮಲಗಸೂದಿಲ್ಲ. ಅವರು ಒಂದ ಮಧ್ಯಾಹ್ನ ಮಲಗಿದ್ದಕ್ಕ ಏನಾತು, ಕಣ್ಣಾರೆ ನೋಡೀನಿ.”

“ಅಣ್ಣಗ ಸಕ್ಕರಿ ಜಡ್ಡಿತ್ತು! ಎಷ್ಟ ಸಲ ಹೇಳೂದು ನಿಮಗ? ಸಕ್ಕರಿ ಜಡ್ಡು!”

“ಲಿಂಗ ಮುಟ್ಟಿ ಹೇಳೀನಿ ಸುಗಲಾ.” ವೈನಿ ಕಂಬ ಬಿಡಲಿಲ್ಲ. “ತಪ್ಪಿದ್ರ ನನಗ ಏನರೆ ಆಗ್ಲಿ, ಹೆದರೂದಿಲ್ಲ ನಾ. ಅದು ನನಗ ಆಗೂದಿಲ್ಲ, ಆಕಿಗಿ ತಗಲ್ತದ. ಅವರಿಗಿ ತಗಲಿದಂಗ.”

ಆಗ ನನಗೆ ತಿಳಿಯಿತು. ಇಷ್ಟು ವರ್ಷ ಇದು ಜಂಬ, ಊರ ಚಪ್ಪಾಳೆಯ ಹಸಿವು ಅಂತ ತಿಳಿದು ಬೈದುಕೊಂಡಿದ್ದೆ. ಜಂಬವಲ್ಲ, ಹೆದರಿಕೆ. ಜಂಬವಾಗಿದ್ದರೆ ಮುರಿಯಬಹುದಿತ್ತು, ಹೆದರಿಕೆಗೆ ಏನು ಮಾಡಲಿ? ಒಳಗಿನಿಂದ ದ್ರೌಪದಿ “ಅತ್ತೀ” ಎಂದು ನನ್ನನ್ನು ಕೂಗಿದಳು. ಕೂಗುವ ಶಕ್ತಿಯೂ ಇಲ್ಲದ ದನಿ. ಈ ಹೆಂಗಸಿನೊಡನೆ ಇಷ್ಟು ವರ್ಷ ಬಾಳಿದ್ದಕ್ಕೆ ಅವಳದೇ ದಾರಿಯಲ್ಲಿ ವಾದ ಮಾಡುವುದು ನನಗೆ ಬಂದಿತ್ತು. ಹಿಂದೆ ಮುಂದೆ ನೋಡಲಿಲ್ಲ.

“ವೈನಿ, ಊರಿಗಿ ಕೊಟ್ಟದ್ದು ನಿಮ್ಮದಲ್ಲ, ಹೌದಿಲ್ಲೋ?”

“ಹೌದು.”

“ಹಂಗಾದ್ರ ಧಾರಿ ಎರದು ಕೊಟ್ಟ ಮಗಳು ನಿಮ್ಮಾಕಿ ಹ್ಯಾಂಗ ಆಗ್ತಾಳ? ದ್ರೌಪದಿನ್ನ ಮಂದಿ ಎದುರಿಗಿ ನೀವ ಕೈಮುಟ್ಟಿ ಕೊಟ್ಟೀರಿ. ಆಕಿ ಕರಜಗಿ ಮನಿತನದ ಸೊಸಿ. ನಿಮ್ಮ ಮನಿ ಮಂದಿ ಅಲ್ಲ. ದವಾಖಾನಿ ಊರ ಹೆಣ್ಮಕ್ಕಳಿಗಿ ಅಲ್ಲೇನು? ಆಕಿನೂ ಊರ ಹೆಣ್ಮಗಳೇ.”

ವೈನಿ ನನ್ನನ್ನೇ ನೋಡಿದಳು. ಅವಳ ಮುಖದಲ್ಲಿ ಏನೋ ಹರಿದು ಹೋದದ್ದು ನನಗೆ ಕಂಡಿತು, ಆದರೆ ಕನಿಕರ ಪಡಲು ಪುರುಸೊತ್ತಿರಲಿಲ್ಲ. “ಸಾಯಬಣ್ಣಗ ಹೇಳು” ಅಂದಳು.

ದ್ರೌಪದಿಯನ್ನು ಹಾಸಿಗೆಯ ಸಮೇತ ಮೋಟಾರಿಗೆ ಹಾಕಿದೆವು. ದವಾಖಾನೆಯ ಗೇಟಿನಲ್ಲಿ ಆಳುಗಳು ಮಂಚ ತಂದರು. ಸಾವಿತ್ರಿಬಾಯಿ ಪಡಸಾಲೆಯಲ್ಲಿ ಕುಪ್ಪಸದ ತೋಳು ಮೇಲೆ ಮಡಚಿಕೊಂಡು ನಿಂತಿದ್ದರು. ವೈನಿ ಮೋಟಾರಿನಿಂದ ಇಳಿದು ಗೇಟಿನವರೆಗೆ ಬಂದಳು. ಅಲ್ಲಿಗೆ ನಿಂತಳು. ತಾನು ಹಾಕಿಸಿದ ಹೊಸ್ತಿಲುಗಲ್ಲಿನ ಈಚೆ, ಬೆರಳು ಕೂಡ ತಾಗದಂತೆ.

“ಮನಿ ಹೆಂಗಸು ಒಬ್ಬಾಕಿ ಸಂಗಡ ಬೇಕು” ಅಂದರು ಡಾಕ್ಟರು. “ಹಿರೇರು ಬೇಕು. ತಾಯಿನ್ನ ಉಳಸೂದೋ ಕೂಸಿನ್ನ ಉಳಸೂದೋ ಅಂತ ಕೇಳೂ ಹೊತ್ತು ಬಂದ್ರ ಹೇಳಾಕ ಒಬ್ಬರು ಬೇಕು. ಯಾರ ಬರ್ತೀರಿ? ಲಗೂ ಹೇಳ್ರಿ.”

ಕರಜಗಿಗೆ ಆಳು ಹೋಗಿದ್ದ. ಅಳಿಯನ ಮನೆಯವರು ಬರಲು ಸಂಜೆಯಾಗುತ್ತಿತ್ತು. ದ್ರೌಪದಿ ಒಂದು ಕೈಯಲ್ಲಿ ಅವ್ವನ ಸೆರಗು, ಇನ್ನೊಂದರಲ್ಲಿ ನನ್ನ ಸೆರಗು ಹಿಡಿದಿದ್ದಳು. ನಾನು ವೈನಿಯ ಮುಖ ನೋಡಿದೆ. ವೈನಿ ಹೊಸ್ತಿಲು ನೋಡುತ್ತಿದ್ದಳು. ನನ್ನ ತಾಳ್ಮೆ ಅಲ್ಲಿಗೆ ಮುಗಿಯಿತು.

“ನಾ ಹೋಗ್ತೀನ್ರಿ. ನನಗೇನು ಅಡ್ಡಿ? ನನ್ನೂ ಧಾರಿ ಎರದೇ ಕೊಟ್ಟಾರಲ್ಲ. ದ್ರೌಪದಿ ಕರಜಗಿಯಾಕಿ ಆದ್ರ ನಾ ಮೈಂದರ್ಗಿಯಾಕಿ. ನಿಮ್ಮನಿಯಾಕಿ ಅಲ್ಲ. ಹೌದು ಅನ್ರಿ, ಒಳಗ ಹೋಗ್ತೀನಿ.”

ಸಿಟ್ಟಿನಲ್ಲಿ ಆಡಿದ ಮಾತು. ಆಡಿದ ಮೇಲೆ ಅಕ್ಕಲಕೋಟದ ಅರವಟ್ಟಿಗೆ ನೆನಪಾಯಿತು. ಆ ಬಿಸಿಲಲ್ಲಿ ಮೋಟಾರಿನಲ್ಲಿ ಕೂತಾಗ ಸಾಯಬಣ್ಣ ಕದ್ದು ಒಂದು ಲೋಟ ತಂದುಕೊಡಲೇ ಅಂತ ಕಣ್ಣಲ್ಲೇ ಕೇಳಿದ್ದ. ನಾನು ಬೇಡವೆಂದಿದ್ದೆ. ಅವತ್ತಷ್ಟೇ ಅಲ್ಲ, ಯಾವತ್ತೂ ಕದ್ದು ಕುಡಿಯಲಿಲ್ಲ. ಬೈದೆ, ಗೊಣಗಿದೆ, ಆದರೆ ಕುಡಿಯಲಿಲ್ಲ. ಗಂಡನ ಮನೆ ಇಲ್ಲ, ಮಕ್ಕಳಿಲ್ಲ. ಮಲ್ಲಯ್ಯನ ಮುಂದೆ ವೈನಿ “ನಮ್ಮನಿಯಾಕಿ, ಕುಡ್ಯೂದಿಲ್ಲ” ಅಂದಾಗಲೆಲ್ಲ ಗಂಟಲು ಒಣಗುತ್ತಿತ್ತು ನಿಜ, ಆದರೆ ‘ನಮ್ಮನಿಯಾಕಿ’ ಅನ್ನುವ ಆ ಮೊದಲ ಮಾತನ್ನು ನಾನು ಒಳಗೆ ಇಳಿಸಿಕೊಳ್ಳುತ್ತಿದ್ದೆ. ಈಗ ಅದನ್ನು ನಾನೇ ಹಿಂದಕ್ಕೆ ಕೊಡುತ್ತಿದ್ದೆ. ದ್ರೌಪದಿಗಾಗಿ ಕೊಡಲು ಸಿದ್ಧಳಿದ್ದೆ, ಆದರೆ ಕೊಡುವುದು ಸುಲಭವಿರಲಿಲ್ಲ.

“ಹೌದು ಅನ್ರಿ ವೈನಿ” ಅಂದೆ. ದನಿ ಏರಲಿಲ್ಲ.

ವೈನಿ ತಲೆ ಎತ್ತಿದಳು. ಅವಳ ಕಣ್ಣಿನಲ್ಲಿ ನೀರು ನಾನು ಅಣ್ಣ ಹೋದ ದಿನ ನೋಡಿದ್ದೆ, ಮತ್ತೆ ನೋಡಿದ್ದು ಅವತ್ತೇ.

“ನನ್ನ ಬಾಯಿಲೆ ಅದನ್ನ ಅನ್ನಸಬ್ಯಾಡ” ಅಂದಳು. “ಮನ್ಯಾಗ ಒಮ್ಮಿ ಒಪ್ಪಿಸಿದಿ, ನನ್ನ ಮಗಳು ಪರಮನಿಯಾಕಿ ಅಂತ. ಅದ ಇನ್ನೂ ಗಂಟಲದಾಗ ಸಿಗಿಬಿದ್ದದ. ಈಗ ನೀನೂ ಅಲ್ಲ ಅಂತ ಅನ್ನಲೇನು? ನನ್ನ ತಾಟಿನ ಬಾಜೂಕ ತಾಟ ಹಾಕ್ಕೊಂಡು ಉಂಡಾಕಿ ನೀ. ನೀ ನಮ್ಮನಿಯಾಕಿ.”

“ಹಂಗಾದ್ರ ಒಳಗ ಹೋಗೋರು ಯಾರು?” ಅಂತ ನಾನು ಚೀರಿದೆ. ಸಾವಿತ್ರಿಬಾಯಿ ಮರಾಠಿಯಲ್ಲಿ ಏನೋ ಬೈದರು. ನಮ್ಮಿಬ್ಬರನ್ನೂ ಬೈದರು ಅನ್ನಿಸುತ್ತದೆ, ಬೈದದ್ದು ನ್ಯಾಯವಾಗಿಯೇ ಇತ್ತು.

ವೈನಿ ಕೊರಳಿಗೆ ಕೈ ಹಾಕಿ ಲಿಂಗ ಮುಟ್ಟಿಕೊಂಡಳು. “ಏನ ಮಾಡೂದದ ನನಗ ಮಾಡು, ಆಕಿಗಿ ಬ್ಯಾಡ” ಅಂತ ಗೊಣಗಿದಳು. ನನ್ನ ಮಣಿಕಟ್ಟು ಹಿಡಿದಳು. ಬಳೆಯಿಲ್ಲದ ಕೈ, ಅವಳ ಬೆರಳು ಎಲುಬಿಗೇ ಒತ್ತಿದವು. “ಬಾ. ಇಬ್ಬರೂ ಹೋಗೂಣು. ಯಾವ ಕರಜಗಿ, ಯಾವ ಮೈಂದರ್ಗಿ!” ಅನ್ನುತ್ತ ಹೊಸ್ತಿಲು ದಾಟಿದಳು. ನನ್ನನ್ನು ಹೆಚ್ಚುಕಡಿಮೆ ಎಳೆದುಕೊಂಡೇ ಹೋದಳು.

ಒಳಗಿನದನ್ನು ಹೇಳಲು ನನಗೆ ಆಗುವುದಿಲ್ಲ. ವೈನಿ ಮಗಳ ತಲೆ ಹಿಡಿದಳು, ನಾನು ಕಾಲು ಹಿಡಿದೆ. ಸಾವಿತ್ರಿಬಾಯಿ ಕೂಸನ್ನು ಒಳಗೇ ತಿರುಗಿಸಿದರು. ಯಾರನ್ನು ಉಳಿಸಲಿ ಅಂತ ಕೇಳುವ ಹೊತ್ತು ಬರಲಿಲ್ಲ. ಗಿರಣಿಯ ಸಂಜೆಯ ಭೋಂಗಾ ಕೂಗುವಾಗ ಹೆಣ್ಣು ಕೂಸು ಹುಟ್ಟಿತು. ಮೊದಲು ಅಳಲಿಲ್ಲ, ಡಾಕ್ಟರು ಬೆನ್ನಿಗೆ ಬಡಿದ ಮೇಲೆ ಭೋಂಗಾದಂತೆಯೇ ಕೂಗಿತು. ದ್ರೌಪದಿ ಕಣ್ಣು ತೆರೆದು ನಮ್ಮಿಬ್ಬರನ್ನೂ ನೋಡಿ, “ನೀವು ಹ್ಯಾಂಗ ಒಳಗ ಬಂದ್ರಿ?” ಅಂದಳು.

ವೈನಿ ಹೊರಗೆ ಬಂದು ಪಡಸಾಲೆಯ ಬಾಕಿನ ಮೇಲೆ ಕುಸಿದಳು. ಬಂದವರು ಕೂಡಲೆಂದು ತಾನೇ ಮಾಡಿಸಿಕೊಟ್ಟ ಬಾಕು. ನಾನು ನಳದಿಂದ ಒಂದು ಲೋಟ ನೀರು ತಂದು ಕೈಗೆ ಕೊಟ್ಟೆ. ಲೋಟವನ್ನು ಬಹಳ ಹೊತ್ತು ನೋಡಿದಳು. ಆಮೇಲೆ ಒಂದೇ ಗುಟುಕಿಗೆ ಕುಡಿದಳು.

“ಸಿಹಿ ಅದಾವಲ್ಲ ನೀರು” ಅಂದಳು.

“ತಡವಳದ ಬಾವಿದು ಸವಳ ಇತ್ರಿ” ಅಂದೆ.

“ಹೌದೇನು?” ಅಂದಳು, ಇದೇ ಮೊದಲ ಸಲ ಕೇಳಿದವಳಂತೆ. ನಾನು ಗೋಡೆಗೆ ತಲೆ ಚಚ್ಚಿಕೊಳ್ಳಲಿಲ್ಲ, ಅದೊಂದೇ ನನ್ನ ದೊಡ್ಡಸ್ತಿಕೆ.

ಇಷ್ಟಾದ ಮೇಲೆ ಬುದ್ಧಿ ಬಂತು ಅಂದುಕೊಂಡಿರಾ? ತೊಟ್ಟಿಲಿಗೆ ಹಾಕುವ ದಿನ ಮನೆ ತುಂಬ ಮಂದಿ ಇದ್ದಾಗ ವೈನಿ ನನ್ನನ್ನು ದೇವರ ಕೋಣೆಗೆ ಕರೆದಳು. “ಸುಗಲಾ, ಆ ದವಾಖಾನಿ ನಾವು ಉಂಡಂಗಾತು. ಅಂದಮ್ಯಾಲ ಅದು ಕೊಟ್ಟಂಗ ಆಗ್ಲಿಲ್ಲ. ಇನ್ನೊಂದು ಕಟ್ಟಸಬೇಕು. ಅಕ್ಕಲಕೋಟದಾಗ ಜಾಗಾ ನೋಡೂಣು.” ನಾನು ಅವಳ ಮುಖವನ್ನೇ ನೋಡಿದೆ. ಚೇಷ್ಟೆ ಮಾಡುತ್ತಿರಲಿಲ್ಲ. ಮಗಳಿಗೆ ಏನೂ ತಗಲಲಿಲ್ಲ ಎಂಬುದಕ್ಕೆ ಅವಳು ಮಾಡಿಕೊಂಡ ಅರ್ಥ ಇಷ್ಟೇ, ದೇವರು ಇನ್ನೊಂದನ್ನು ಕಟ್ಟಿಸಲು ವಾಯಿದೆ ಕೊಟ್ಟಿದ್ದಾನೆ. ಕಲ್ಯಾಣಪ್ಪ ಸುದ್ದಿ ಕೇಳಿ ಕೆಮ್ಮಿದ, ಅವ್ವನ ಮುಖ ನೋಡದೆಯೇ.

ಜಾಗ ನೋಡಲು ಹೊರಟಾಗ ಬಿಸಿಲು ಹಿಂದಿನಂತೆಯೇ ಇತ್ತು. ಮೋಟಾರೂ ಹಿಂದಿನಂತೆಯೇ ಅರವಟ್ಟಿಗೆಯ ಮುಂದೆ ಕುದಿದು ನಿಂತಿತು. ನನ್ನ ತೊಡೆಯ ಮೇಲೆ ಮನೆಯ ತಂಬಿಗೆ ಇತ್ತು, ದಾರಿಯಲ್ಲಿ ಅದರದೇ ನೀರು ಕುಡಿದಿದ್ದೆ. ಮಲ್ಲಯ್ಯನ ಕಣ್ಣು ಇನ್ನಷ್ಟು ಮಂಜಾಗಿತ್ತು. ನೀರು ಮೊಗೆದು ನನ್ನ ಕಡೆ ಬಗ್ಗಿ, “ಯಾರ ಮನಿಯವರವ್ವಾ?” ಅಂದ.

ಉತ್ತರ ಹೇಳುವುದು ನನ್ನ ಕೆಲಸವಲ್ಲ.

“ನಮ್ಮನಿಯಾಕಿ” ಅಂದಳು ವೈನಿ. “ಆಕಿಗಿ ಮೊದಲ ಹಾಕು.”

ನಾನು ಅವಳ ಕಡೆ ತಿರುಗಿದೆ. ಅವಳು ಎತ್ತಲೋ ನೋಡುತ್ತಿದ್ದಳು. “ಇನ್ನೊಂದು ಅರವಟ್ಟಿಗಿ ಕಟ್ಟಸಬೇಕಾಗ್ತದ, ನೋಡ್ರಿ ಮತ್ತ” ಅಂದೆ. ನಾಲಿಗೆ ಸುಮ್ಮನಿರಬೇಕಲ್ಲ.

“ಕಟ್ಟಸೂಣು. ನೀ ಕುಡಿ.”

ಸಾಯಬಣ್ಣ ಯಾರನ್ನೂ ಕೇಳದೆ ಮೋಟಾರಿಗೆ ಕೊಡ ತುಂಬತೊಡಗಿದ. ನನಗೆ ಆಗ ನೀರಡಿಕೆ ಇರಲಿಲ್ಲ. ಆದರೂ ತಂಬಿಗೆ ಕೆಳಗಿಟ್ಟು ಇಳಿದೆ, ಬೊಗಸೆ ಒಡ್ಡಿದೆ, ಮಲ್ಲಯ್ಯನ ಕೈ ಸೋಲುವವರೆಗೆ ಕುಡಿದೆ.